ಡ್ರಾಕುಲಾನ ಕೋಟೆ ಆಮೇಲೆ, ಮೊದಲು ಚಾಟಿ

ಚಾಟಿ ಹಿಡಿದು ಡ್ರಾಕುಲಾನ ಕೋಟೆಗೆ ನುಗ್ಗುವ ಕ್ಯಾಸಲ್‌ವೇನಿಯಾದಂಥ ಹಳೆ ವಿಡಿಯೊ ಗೇಮನ್ನು ರೀಬೂಟ್ ಮಾಡಲು, ಅಂದರೆ ಹೊಸದಾಗಿ ಕಟ್ಟಲು, ಹೊರಟವರು ಮೊದಲು ಕೋಟೆ ಬಿಡಿಸಲು ಕೂರುತ್ತಾರೆ. ನಾನೂ ಅದೇ ಮಾಡಿದೆ. ಶಿರಸಿಯಿಂದ ದೇವಿಮನೆ ಘಾಟಿ ಇಳಿದು ಮಿರ್ಜಾನ್ ಕೋಟೆಗೆ ಹೋದೆ. ಮಳೆಗೆ ಪಾಚಿ ಹತ್ತಿದ ಚಿರೇಕಲ್ಲಿನ ಗೋಡೆಗಳ ಫೋಟೊ ತೆಗೆದು, ಎರಡು ತಿಂಗಳು ಅದನ್ನೇ ಬಿಡಿಸಿದೆ. ಚೆಂದ ಬಂತು. ಅಕ್ಕನ ಮಗ ಆಡಿ ನೋಡಿ, "ಮಾವ, ಹೊಡದ್ದು ಗೊತ್ತೇ ಆಗ್ತಿಲ್ಲೆ" ಅಂದ.

ಹಾಗಾಗಿ ಕೋಟೆ ಬದಿಗಿಡಿ. ಒಂದು ಬೂದು ಬಣ್ಣದ ಕೋಣೆ, ಒಂದು ಮೆಟ್ಟಿಲು, ಚಾಟಿಯಲ್ಲಿ ಹೊಡೆಯಲು ಒಂದು ಮೇಣದ ಬತ್ತಿ ಸಾಕು. ಗೇಮ್ ಕಟ್ಟುವ ಸಾಫ್ಟ್‌ವೇರ್ ಗೊಡೊ ಎಂಜಿನ್ ಪುಕ್ಕಟೆ, ಇಷ್ಟಕ್ಕೆ ನನ್ನ ಹಳೆ ಲ್ಯಾಪ್‌ಟಾಪೇ ಸಾಕಾಯಿತು.

ಈಗ 1986ರ ಮೊದಲ ಕ್ಯಾಸಲ್‌ವೇನಿಯಾ ಆಡಿ. ಅದರ ನಾಯಕ ಸೈಮನ್ ಬೆಲ್ಮಾಂಟ್ ಒಮ್ಮೆ ಹಾರಿದರೆ ಮುಗೀತು, ಗಾಳಿಯಲ್ಲಿ ದಾರಿ ಬದಲಿಸುವಂತಿಲ್ಲ. ನೆಲದ ಮೇಲೆ ಚಾಟಿ ಬೀಸುವಾಗ ಕಾಲು ನಿಲ್ಲುತ್ತದೆ. ಪೆಟ್ಟು ತಿಂದರೆ ಹಿಂದಕ್ಕೆ ಎಗರುತ್ತಾನೆ, ಹಿಂದೆ ಗುಂಡಿ ಇದ್ದರೆ ಕಥೆ ಮುಗೀತು. ಇದನ್ನು ತಪ್ಪು ಅಂತ ತಿದ್ದಬೇಡಿ. ಹೆದರಿಕೆ ಇರುವುದೇ ಅಲ್ಲಿ. ಅಡಿಕೆ ಮರದಿಂದ ಮರಕ್ಕೆ ಹಾಯುವ ಕೊನೆಗೌಡರನ್ನು ನೋಡಿದ್ದೀರಲ್ವಾ? ಕೈ ಬಿಡುವ ಮೊದಲೇ ಲೆಕ್ಕ ಮುಗಿದಿರುತ್ತದೆ. ಆಡುವವರಿಗೂ ಹಾಗೇ ಆಗಬೇಕು.

ಚಾಟಿಗೆ ಬೇಕಾದಷ್ಟು ದಿನ ಕೊಡಿ. ಬಟನ್ ಒತ್ತಿದ ಕೂಡಲೇ ಮುಂದೆ ಬಂದರೆ ಅದು ಚಾಟಿಯಲ್ಲ, ಕೋಲು. ಸೆಕೆಂಡಿಗೆ 60 ಫ್ರೇಮ್, ಅಂದರೆ 60 ಚಿತ್ರ, ಇಟ್ಟುಕೊಂಡು, ಮೊದಲ 8 ಫ್ರೇಮ್ ಚಾಟಿಯನ್ನು ಬೆನ್ನ ಹಿಂದೆಯೇ ಇಟ್ಟೆ. ತಾಗಿದ ಕ್ಷಣ ಹೊಡೆದವನನ್ನೂ ಹೊಡೆಸಿಕೊಂಡವನನ್ನೂ 3 ಫ್ರೇಮ್ ನಿಲ್ಲಿಸಿದೆ. ಸದ್ದೂ ಆಗಲೇ. ಈಗ ಅಳಿಯ ಸುಮ್ನೆ ಮೇಣದ ಬತ್ತಿ ಹೊಡೆಯುತ್ತಾ ಕೂತಿರುತ್ತಾನೆ.

1991ರ ಸೂಪರ್ ಕ್ಯಾಸಲ್‌ವೇನಿಯಾ 4ರಲ್ಲಿ ಚಾಟಿ ಎಂಟು ದಿಕ್ಕಿಗೂ ಹೋಗುತ್ತದೆ. ಮಜಾ ಹೌದು, ಆದರೆ ತಲೆ ಮೇಲಿನ ಬಾವಲಿಗೆ ಯಾರೂ ಹೆದರುವುದಿಲ್ಲ, ಮೇಲಿನವರಿಗೆ ಹೊಡೆಯಲು ಕೊಡಲಿ ಎಸೆಯುವ ಕೆಲಸವೂ ಕಡಿಮೆ. ನನ್ನ ಮತ ಹಳೆಯದಕ್ಕೇ.

1997ರ ಸಿಂಫನಿ ಆಫ್ ದಿ ನೈಟ್‌ನಲ್ಲಿ ಇಡೀ ಕೋಟೆ ತಲೆಕೆಳಗಾಗುತ್ತದೆ. ಆಸೆ ಪಡಬೇಡಿ. ಪ್ರತಿ ಕೋಣೆಯ ಮಾಡಿನ ಮೇಲೂ ನಡೆಯುವ ಹಾಗೆ ಕಟ್ಟಬೇಕು, ಒಬ್ಬರ ಕೈಲಿ ಆಗುವ ಕೆಲಸವಲ್ಲ.

ದೊಡ್ಡ ರಾಕ್ಷಸನನ್ನು ತರುವುದು ಯಕ್ಷಗಾನದಿಂದ ಕಲಿಯಿರಿ. ತೆರೆಯ ಮೇಲೆ ಕಿರೀಟದ ತುದಿ, ಒಂದು ಕೂಗು, ಚಂಡೆ. ಮುಖ ಕಾಣುವುದು ಕೊನೆಗೆ.

ಹೆಸರು ಮಾತ್ರ ನಿಮ್ಮದೇ ಇರಲಿ, ಕ್ಯಾಸಲ್‌ವೇನಿಯಾ ಜಪಾನಿನ ಕೊನಾಮಿ ಕಂಪನಿಯ ಸ್ವತ್ತು. ಸರಣಿಯನ್ನು ವರ್ಷಗಟ್ಟಲೆ ನಡೆಸಿದ ಕೋಜಿ ಇಗರಾಶಿಯವರೇ 2014ರಲ್ಲಿ ಅಲ್ಲಿಂದ ಹೊರಬಂದು, 2019ರಲ್ಲಿ ಬ್ಲಡ್‌ಸ್ಟೇನ್ಡ್ ಅಂತ ಬೇರೆ ಹೆಸರಿನಲ್ಲಿ ಆಟ ತಂದರು.

ಇಷ್ಟಾದ ಮೇಲೆ ಮಿರ್ಜಾನಿನ ಗೋಡೆ ಹಾಕಬಹುದು. ಪಾಚಿ ಜಾಸ್ತಿ ಬೇಡ, ಬಾವಲಿ ಕಾಣುವುದಿಲ್ಲ.