ಮನೆಯವರ ಉಯಿಲಿನ ಪ್ರೊಬೇಟಿಗೆ ಯಾರು ತಕರಾರು ಸಲ್ಲಿಸಬಹುದು?

ಮಾಟುಂಗದಲ್ಲೋ ಮುಲುಂಡಿನಲ್ಲೋ ನೆಲೆಸಿದ ಕನ್ನಡಿಗರ ಮನೆಯಲ್ಲಿ ಹಿರಿಯರೊಬ್ಬರು ತೀರಿಕೊಂಡು, ಅವರ ಉಯಿಲಿಗೆ ಪ್ರೊಬೇಟ್ (ಉಯಿಲು ಊರ್ಜಿತವೆಂದು ನ್ಯಾಯಾಲಯ ಕೊಡುವ ದೃಢೀಕರಣ) ಕೋರಿ ಬಾಂಬೆ ಹೈಕೋರ್ಟಿನಲ್ಲಿ ಅರ್ಜಿ ಬಿದ್ದಿದೆ ಎಂದು ತಿಳಿದಾಗ, ತಕರಾರು ಹಾಕಲು ಹೊರಡುವವರು ಮೊದಲು ಒಂದು ಪ್ರಶ್ನೆ ಕೇಳಿಕೊಳ್ಳಬೇಕು: ಈ ಉಯಿಲು ಊರ್ಜಿತವಾಗದಿದ್ದರೆ ನನಗೆ ಪಾಲು ಬರುತ್ತದೆಯೇ? ತಕರಾರಿನ ಹಕ್ಕು ನಿಂತಿರುವುದು ಬರೀ ನೆಂಟಸ್ತಿಕೆಯ ಮೇಲಲ್ಲ, ಆಸ್ತಿಯಲ್ಲಿರುವ ಹಿತಾಸಕ್ತಿಯ ಮೇಲೆ.

ತೀರಿಕೊಂಡವರು ಹಿಂದೂ ಪುರುಷರಾಗಿದ್ದರೆ, 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ ಪ್ರಕಾರ ಹೆಂಡತಿ, ಮಕ್ಕಳು, ತಾಯಿ, ಮೊದಲೇ ತೀರಿಹೋದ ಮಗ ಅಥವಾ ಮಗಳ ಮಕ್ಕಳು ಮೊದಲ ವರ್ಗದ ವಾರಸುದಾರರಲ್ಲಿ ಸೇರುತ್ತಾರೆ. ಮದುವೆಯಾಗಿ ಹೋದ ಮಗಳ ಹಕ್ಕು ಮಗನ ಹಕ್ಕಿಗಿಂತ ಕೂದಲೆಳೆಯಷ್ಟೂ ಕಡಿಮೆಯಲ್ಲ. ನಮ್ಮ ಮನೆಗಳಲ್ಲಿ ಇದನ್ನು ಇಂದಿಗೂ ಒತ್ತಿ ಹೇಳಬೇಕಾಗಿದೆ. ಈ ವರ್ಗದಲ್ಲಿ ಒಬ್ಬರಾದರೂ ಇರುವಾಗ, ಅಣ್ಣನ ಹೋಟೆಲಿನಲ್ಲಿ ಮೂವತ್ತು ವರ್ಷ ದುಡಿದ ತಮ್ಮನಿಗೂ ತಮ್ಮನೆಂಬ ಕಾರಣಕ್ಕೆ ತಕರಾರಿನ ಹಕ್ಕಿಲ್ಲ. ಆದರೆ ಅಣ್ಣ ಹಿಂದೊಮ್ಮೆ ಬರೆದ ಉಯಿಲಿನಲ್ಲಿ ತಮ್ಮನಿಗೆ ಏನಾದರೂ ಬಿಟ್ಟಿದ್ದರೆ, ಆತ ಹೊಸ ಉಯಿಲನ್ನು ಪ್ರಶ್ನಿಸಬಹುದು. ಹೌಸಿಂಗ್ ಸೊಸೈಟಿಯಲ್ಲಿ ನಾಮಿನಿ ಎಂದು ಹೆಸರಿದ್ದ ಮಾತ್ರಕ್ಕೆ ಈ ಹಕ್ಕು ಬರುವುದಿಲ್ಲ. ಫ್ಲ್ಯಾಟು ತೀರಿಕೊಂಡವರದೇ ಅಲ್ಲ, ತನ್ನದು ಎನ್ನುವವರು ಬೇರೆ ಸಿವಿಲ್ ದಾವೆ ಹೂಡಬೇಕು. ಪ್ರೊಬೇಟ್ ನ್ಯಾಯಾಲಯ ಒಡೆತನವನ್ನು ತೀರ್ಮಾನಿಸುವುದಿಲ್ಲ.

ಹಕ್ಕುಳ್ಳವರು 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯ 284ನೇ ಕಲಮಿನಡಿ ಕೇವಿಯಟ್, ಅಂದರೆ ತಮಗೆ ತಿಳಿಸದೆ ಮುಂದುವರಿಯಬಾರದೆಂಬ ಕೋರಿಕೆ, ಸಲ್ಲಿಸಬೇಕು. ಅರ್ಜಿ ದಾಖಲಾದ ಮೇಲೆ ಕೇವಿಯಟ್ ಹಾಕಿದವರು, ಹೈಕೋರ್ಟಿನ ನಿಯಮದಂತೆ ಎಂಟು ದಿನಗಳೊಳಗೆ ತಮ್ಮ ಹಿತಾಸಕ್ತಿಯನ್ನೂ ಆಕ್ಷೇಪದ ಕಾರಣಗಳನ್ನೂ ವಿವರಿಸುವ ಅಫಿಡವಿಟ್ ಕೊಡಬೇಕು; ಅಲ್ಲಿಂದ ಅರ್ಜಿ ದಾವೆಯ ರೂಪ ಪಡೆಯುತ್ತದೆ. ಈ ಅಫಿಡವಿಟನ್ನು ಸಿಟ್ಟಿನಲ್ಲಿ ಬರೆಯಿಸಬಾರದು. ಮೈಸೂರಿನ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 1958ರಲ್ಲೇ ಹೇಳಿದಂತೆ, ನಡುಗುವ ಸಹಿ, ಕ್ಷೀಣಿಸಿದ ಬುದ್ಧಿ, ಅಸಹಜ ಹಂಚಿಕೆ, ಲಾಭ ಪಡೆಯುವವರೇ ಮುಂದೆ ನಿಂತು ಉಯಿಲು ಬರೆಯಿಸಿದ್ದು ಇಂಥ ಸಂಶಯಗಳನ್ನು ನಿವಾರಿಸುವ ಹೊಣೆ ಉಯಿಲನ್ನು ಮುಂದಿಟ್ಟವರದು. ಆದರೆ ವಂಚನೆ, ಬಲಾತ್ಕಾರ, ಅನುಚಿತ ಪ್ರಭಾವ ಎಂದು ಆರೋಪಿಸಿದರೆ ಅದನ್ನು ಸಾಬೀತುಪಡಿಸುವ ಹೊಣೆ ಆರೋಪಿಸಿದವರದು.

ನೋಟಿಸು ಬರಬೇಕಾಗಿದ್ದವರಿಗೆ ಅದು ತಲುಪದೆಯೇ ಪ್ರೊಬೇಟ್ ಸಿಕ್ಕಿಬಿಟ್ಟಿದ್ದರೆ, ಅವರು ಅದೇ 1925ರ ಕಾಯ್ದೆಯ 263ನೇ ಕಲಮಿನಡಿ ಅದರ ರದ್ದತಿಯನ್ನು ಕೋರಬಹುದು. ಅದಕ್ಕಾಗಿ ಮೊದಲು ಹೈಕೋರ್ಟಿನಿಂದ ಉಯಿಲಿನ ಮತ್ತು ಅರ್ಜಿಯ ಪ್ರಮಾಣೀಕೃತ ಪ್ರತಿಗಳನ್ನು ಪಡೆದು, ವಾರಸುದಾರರ ಪಟ್ಟಿಯಲ್ಲಿ ತಮ್ಮ ಹೆಸರಿದೆಯೇ ಎಂದು ನೋಡಬೇಕು.