ತೋಡಿ ಹಾಡುತ್ತಾ ಕುಂಕುಮಕ್ಕೆ ಕಾದದ್ದು

ವಿಧವೆಯಾದ ನಾನು ಮುಂದೆ ಕುಂಕುಮದ ತಟ್ಟೆ ಇಟ್ಟುಕೊಂಡು, ಯಾರಾದರೂ ಎದ್ದು ಬಂದು ನನ್ನ ಹಣೆಗೆ ಇಡುವವರೆಗೆ ತೋಡಿ ರಾಗ ಹಾಡುತ್ತಾ ಕಾಯುವ ಪ್ರದರ್ಶನ ಹೋದ ನವರಾತ್ರಿಯಲ್ಲಿ ಕೊನೆಗೂ ಕೂಡಿಬಂತು. "ಇದು ಕಚೇರಿಯೂ ಅಲ್ಲ, ನಾಟಕವೂ ಅಲ್ಲ, ಸುಮ್ನೆ ಹೆಸರು ಕೆಡಿಸ್ಕೋತೀರ" ಅಂದಿದ್ದ ಮೃದಂಗದವರೇ ಮೊನ್ನೆ ಫೋನ್ ಮಾಡಿ "ಮುಂದಿನದಕ್ಕೆ ನಾನೂ ಬರಲಾ ಮೇಡಂ?" ಅಂತ ಕೇಳಿದರು. ಅದಕ್ಕೇ ಬರೆಯುವ ಧೈರ್ಯ ಬಂದಿದೆ. ಇಲ್ಲಿಗೆ ಬರಲು ನಾಲ್ಕು ವರ್ಷ ಹಿಡಿಯಿತು. ಸುಮಾರು ಒಂದೂಕಾಲು ಲಕ್ಷ ಕೈಬಿಟ್ಟಿತು. ಒಂದು ಸಲ ಗಂಟಲು ಹೋಯಿತು, ಒಂದು ಸಲ ಹಣೆ ಸುಟ್ಟಿತು. ಲೆಕ್ಕವೆಲ್ಲ ನೆನಪಿನಿಂದ ಹೇಳುತ್ತಿದ್ದೇನೆ, ಸ್ವಲ್ಪ ಆಚೆ ಈಚೆ ಇರುತ್ತೆ.

ಮೊದಲು ನಾನೂ ಎಲ್ಲರ ಹಾಗೆ ಹಾಡಿಕೊಂಡಿದ್ದವಳು. ಮೈಸೂರಿನಲ್ಲಿ ಪಾಠ, ಆಕಾಶವಾಣಿ ಗ್ರೇಡು, ವರ್ಷಕ್ಕೆ ಸಂಗೀತ ಸಭಾಗಳಲ್ಲಿ ಏಳೆಂಟು ಕಚೇರಿ. ಸಭಾದಲ್ಲಿ ಎಷ್ಟು ಉಳಿಯುತ್ತೆ ಅಂತ ಹಾಡುವವರಿಗೆ ಹೇಳಬೇಕಾಗಿಲ್ಲ. ಪಿಟೀಲು, ಮೃದಂಗಕ್ಕೆ ಕೊಟ್ಟು, ಆಟೋಗೆ ಕೊಟ್ಟರೆ ಮನೆಗೆ ಬರುವುದು ಶಾಲು ಮತ್ತು ಎರಡು ಸೇಬು. ಮನೆ ನಡೆಯುತ್ತಿದ್ದದ್ದು ಮದುವೆ ರಿಸೆಪ್ಷನ್‌ಗಳಿಂದ. ವರ್ಷಕ್ಕೆ 20-22 ಬರುತ್ತಿದ್ದವು. ತಂಡಕ್ಕೆ 35 ಸಾವಿರ, ನನಗೆ ಉಳಿಯುವುದು 14-15.

ನನಗೆ 43 ಆಗಿದ್ದಾಗ ಯಜಮಾನರು ಹೋದರು. ಮುಂದಿನ ವರ್ಷ ಬಂದ ಮದುವೆ ಎರಡೇ ಎರಡು. ಯಾರೂ ಬಾಯಿ ಬಿಟ್ಟು ಏನೂ ಹೇಳಲಿಲ್ಲ. "ಹುಡುಗನ ಕಡೆಯವರು ಆರ್ಕೆಸ್ಟ್ರಾ ಇಟ್ಟಿದ್ದಾರಂತೆ", "ಛತ್ರದಲ್ಲಿ ಜಾಗ ಕಮ್ಮಿ", ಇಂಥವೇ.

ಬಾಯಿ ಬಿಟ್ಟು ಹೇಳಿದ್ದು ಒಂದು ಸಭಾದ ಕಾರ್ಯದರ್ಶಿ. ಎರಡೂವರೆ ಗಂಟೆ ಹಾಡಿಸಿಕೊಂಡರು. ರಾಗ ತಾನ ಪಲ್ಲವಿಗೆ ಚಪ್ಪಾಳೆಯೂ ಬಂತು. ಕೊನೆಗೆ ವೇದಿಕೆ ಹತ್ತಿ ಬಗ್ಗಿ, ಕಿವಿಯಲ್ಲಿ, "ಮಂಗಳ ಶಿಷ್ಯೆ ಕೈಲಿ ಹೇಳಿಸಿಬಿಡಿ ಅಮ್ಮ, ಬೇಜಾರು ಮಾಡ್ಕೋಬೇಡಿ" ಅಂದರು. ಎರಡೂವರೆ ಗಂಟೆ ಪರವಾಗಿಲ್ಲ, ಸೌರಾಷ್ಟ್ರ ರಾಗದ ಎರಡು ನಿಮಿಷದ ಮಂಗಳ ಆಗದು! ಆಮೇಲೆ ಕುಂಕುಮದ ತಟ್ಟೆ ಬಂತು. ನನ್ನ ಮೂಗಿನ ಮುಂದೆಯೇ ಹಾದು ತಂಬೂರಿ ಹುಡುಗಿಯ ಹತ್ತಿರ ಹೋಯಿತು. ಮಂಗಳೂರಿನ ಕುದ್ರೋಳಿ ದೇವಸ್ಥಾನದಲ್ಲಿ 2013ರಲ್ಲೇ ಇಬ್ಬರು ವಿಧವೆಯರನ್ನ ಅರ್ಚಕರನ್ನಾಗಿ ಮಾಡಿದ್ದರು. ಅಲ್ಲಿ ಮಂಗಳಾರತಿಯನ್ನೇ ಎತ್ತಬಹುದು, ಇಲ್ಲಿ ಮಂಗಳ ಹಾಡಬಾರದಾ? ಈ ಮಾತು ಹೊಳೆದದ್ದು ಮನೆಗೆ ಬಂದ ಮೇಲೆ. ಆವತ್ತು ಸುಮ್ಮನೆ ಶಿಷ್ಯೆ ಕೈಲಿ ಹೇಳಿಸಿದೆ.

ಆ ತಟ್ಟೆಯೇ ಮುಂದಿನ ಎಲ್ಲಕ್ಕೂ ಬೀಜ. ನಾನು ಮಾಡಿಕೊಂಡ ನಿಯಮ ಇಷ್ಟು. ಒಬ್ಬಳೇ ಕೂರುತ್ತೇನೆ, ಬಿಳಿ ಸೀರೆ, ಎಲೆಕ್ಟ್ರಾನಿಕ್ ತಂಬೂರಿ, ಮುಂದೆ ಕುಂಕುಮದ ತಟ್ಟೆ. ತೋಡಿ ಶುರು. ಸಾಹಿತ್ಯ ಇಲ್ಲ, ಬರೀ ಆಲಾಪನೆ. ಕೇಳುವವರಲ್ಲಿ ಒಬ್ಬರು ಎದ್ದು ಬಂದು ನನ್ನ ಹಣೆಗೆ ಕುಂಕುಮ ಇಟ್ಟರೆ ಮುಂದಿನ ರಾಗ. ಇಡದಿದ್ದರೆ ಅದೇ ರಾಗ, ಎಷ್ಟು ಹೊತ್ತಾದರೂ ಸರಿ. ತೋಡಿ, ಮುಖಾರಿ, ವರಾಳಿ, ಆಹಿರಿ, ಮಧ್ಯಮಾವತಿ. ಐದು ಕುಂಕುಮ ಆದರೆ ಸೌರಾಷ್ಟ್ರದಲ್ಲಿ ಮಂಗಳ, ನಾನೇ. ನಿಯಮವನ್ನು ಬಾಗಿಲಲ್ಲಿ ಒಂದು ಹಲಗೆ ಮೇಲೆ ಬರೆದಿಟ್ಟಿರುತ್ತೇನೆ. ಬಾಯಲ್ಲಿ ಹೇಳುವುದಿಲ್ಲ.

ಚಿತ್ರಕಲೆ ಓದುವ ಒಬ್ಬ ಹುಡುಗ "ಆಂಟಿ, ಇದು ಪರ್ಫಾರ್ಮೆನ್ಸ್ ಆರ್ಟ್" ಅಂದ. ಮರೀನಾ ಅಬ್ರಮೋವಿಚ್ ಅನ್ನುವ ಕಲಾವಿದೆ 1974ರಲ್ಲಿ ಇಟಲಿಯ ನೇಪಲ್ಸ್‌ನಲ್ಲಿ ಮೇಜಿನ ಮೇಲೆ 72 ವಸ್ತು ಇಟ್ಟು, ಇವುಗಳಿಂದ ನನಗೆ ಏನು ಬೇಕಾದರೂ ಮಾಡಿ ಅಂತ ಆರು ಗಂಟೆ ನಿಂತ ಕತೆ ಹೇಳಿದ. ಅದರಲ್ಲಿ ಗುಂಡು ತುಂಬಿಸಬಹುದಾದ ಪಿಸ್ತೂಲೂ ಇತ್ತಂತೆ. ನನ್ನ ಹತ್ತಿರ ಇರುವುದು ಒಂದೇ ವಸ್ತು. ಆದರೆ ನಮ್ಮ ಜನಕ್ಕೆ ಅದನ್ನು ಮುಟ್ಟುವುದು ಪಿಸ್ತೂಲಿಗಿಂತ ಕಷ್ಟ ಅಂತ ಮೊದಲ ದಿನವೇ ಗೊತ್ತಾಯಿತು.

ಮೊದಲನೇದು ಮೈಸೂರಿನ ಒಂದು ಸಣ್ಣ ಹಾಲ್. ಬಾಡಿಗೆ 6 ಸಾವಿರ ನಾನೇ ಕೊಟ್ಟೆ. ಎಪ್ಪತ್ತು ಜನ ಬಂದರು, ಹೆಚ್ಚಿನವರು ಸಂಗೀತದವರೇ. ತೋಡಿ ಎರಡು ಗಂಟೆ ಹತ್ತು ನಿಮಿಷ ಹಾಡಿದೆ. ಒಬ್ಬರೂ ಏಳಲಿಲ್ಲ. ತೋಡಿಯಲ್ಲಿ ನನಗೆ ಗೊತ್ತಿದ್ದದ್ದೆಲ್ಲ ಮೊದಲ 50 ನಿಮಿಷಕ್ಕೇ ಮುಗಿದಿತ್ತು. ಆಮೇಲಿನದು ಬರೀ ಗಾಂಧಾರ ಸ್ವರ ಹಿಡಿದು ತೂಗಾಡಿದ್ದು. ಜನ ಒಬ್ಬೊಬ್ಬರಾಗಿ ತಲೆ ತಗ್ಗಿಸಿ ಜಾರಿಕೊಂಡರು. ಕೊನೆಗೆ ಹಾಲ್‌ನ ವಾಚ್‌ಮನ್ ಬಂದು "ಮೇಡಂ, ಟೈಮ್ ಆಯ್ತು" ಅಂದ. ಕುಂಕುಮ ಅವನೂ ಇಡಲಿಲ್ಲ.

ಗಂಟಲು ಮೂರು ವಾರ ಏಳಲಿಲ್ಲ. ಪಾಠ ನಿಂತು 12-14 ಸಾವಿರ ಹೋಯಿತು. ತಪ್ಪು ನನ್ನದೇ. ಕಚೇರಿ ಅಂದುಕೊಂಡು ಕಚೇರಿಯ ಎತ್ತರದ ಶ್ರುತಿಯಲ್ಲೇ, ಐದು ಮನೆಯಲ್ಲಿ, ಕೂತಿದ್ದೆ. ಇದು ಕಚೇರಿ ಅಲ್ಲ, ಕಾಯುವ ಕೆಲಸ. ಈಗ ನಾಲ್ಕೂವರೆಗೆ ಇಳಿಸಿದ್ದೇನೆ. ಮೊದಲ ಅರ್ಧ ಗಂಟೆ ಕೆಳಗಿನ ಮಂದ್ರ ಸ್ಥಾಯಿಯಿಂದ ಮಧ್ಯಮ ಸ್ವರದವರೆಗೆ ಮಾತ್ರ, ತಾರ ಷಡ್ಜ, ಅಂದರೆ ಮೇಲಿನ ಸ, ಮುಟ್ಟುವುದೇ ಇಲ್ಲ. ಹೀಗೆ ಮೂರು ಗಂಟೆ ಆರಾಮವಾಗಿ ಎಳೆಯಬಲ್ಲೆ. ನಮ್ಮೂರಲ್ಲಿ ಒಂದೇ ರಾಗವನ್ನು ಇಷ್ಟು ಹೊತ್ತು ಹಿಡಿಯುವವರು ಎಷ್ಟು ಜನ ಇದ್ದಾರೆ ಹೇಳಿ?

ಎರಡನೇದರಲ್ಲಿ ಜನ ಬಂದರು, ಕುಂಕುಮ ಕೈಕೊಟ್ಟಿತು. ಅಂಗಡಿಯ ಪುಡಿ, ಕಾಲು ಕೆಜಿ ಪ್ಯಾಕೆಟ್. ಕಾಲೇಜು ಹುಡುಗಿಯರು ಧಾರಾಳವಾಗಿ ಹಚ್ಚಿದರು. ಪುಡಿ ಮೂಗಿಗೆ ಹೋಗಿ ಮುಖಾರಿ ನಡುವೆ ಕೆಮ್ಮು ಹತ್ತಿಕೊಂಡಿತು. ರಾತ್ರಿ ಹಣೆ ತುಂಬಾ ಗುಳ್ಳೆ. ಚರ್ಮದ ಡಾಕ್ಟರು, ಮುಲಾಮು ಎಲ್ಲ ಸೇರಿ 1,800. ಬಣ್ಣ ಹಾಕಿದ ಪುಡಿ ಅದು, ಇನ್ನೇನಾಗುತ್ತೆ?

ಆಮೇಲೆ ಕುಂಕುಮ ಮನೆಯಲ್ಲೇ ಮಾಡಲು ಹೊರಟೆ. ಅರಿಶಿನ, ನಿಂಬೆರಸ, ಬಿಳಿಗಾರ, ಇಷ್ಟು ಎಲ್ಲರಿಗೂ ಗೊತ್ತು. ನನ್ನ ಮೊದಲ ನಾಲ್ಕು ಪ್ರಯತ್ನ ಇಟ್ಟಿಗೆ ಪುಡಿ ಬಣ್ಣಕ್ಕೆ ನಿಂತವು. ಐದನೆಯದು ಕಪ್ಪಾಯಿತು. ಅತ್ತೆಗೆ ಈಗ 79. ಅವರು ಕುಂಕುಮ ಬಿಟ್ಟು 31 ವರ್ಷ. ಅಡುಗೆಮನೆ ಬಾಗಿಲಲ್ಲಿ ನಿಂತು ಎರಡು ದಿನ ನೋಡಿದರು. ಮೂರನೇ ದಿನ "ಅಲ್ಲ ಕಣೆ, ನಿಂಬೆಹಣ್ಣು ಹಾಳು ಮಾಡ್ತಿದ್ದೀಯಲ್ಲ, ಇಲ್ಲಿ ಕೊಡು" ಅಂತ ಕಸಿದುಕೊಂಡರು. ಅವರ ಅಳತೆಯಲ್ಲಿ ಬಂದ ಕೆಂಪು ಇದ್ಯಲ್ಲ, ಅದನ್ನ ಯಾವ ಅಂಗಡಿಯಲ್ಲೂ ನೋಡಿಲ್ಲ. ಪುಡಿ ಹಾರದೇ ಇರಲು ಎರಡು ಹನಿ ಹರಳೆಣ್ಣೆ ಹಾಕುವುದು ನನ್ನ ಸೇರ್ಪಡೆ. ಬಿಳಿಗಾರದ ಅಳತೆ, ನೆರಳಲ್ಲಿ ಒಣಗಿಸುವ ಕ್ರಮ ಹೇಳುವುದಿಲ್ಲ. ಅದು ಅವರ ಸೊತ್ತು. ಅಂದಹಾಗೆ ಅವರು ಇವತ್ತಿನವರೆಗೆ ಒಂದು ಪ್ರದರ್ಶನಕ್ಕೂ ಬಂದಿಲ್ಲ.

ಮೂರನೇದು ಬೆಂಗಳೂರಿನ ಒಂದು ಗ್ಯಾಲರಿ. ದುಡ್ಡು ಬಂದದ್ದು ಇದೊಂದರಲ್ಲೇ, 15 ಸಾವಿರ, ರೈಲು ಚಾರ್ಜು ಬೇರೆ. ಅದೇ ನೋಡಿ ಪೂರ್ತಿ ಸೋತದ್ದು. ತೋಡಿ ಶುರು ಮಾಡಿ ನಾಲ್ಕು ನಿಮಿಷ ಆಗಿಲ್ಲ, ಕ್ಯೂ ನಿಂತುಬಿಟ್ಟರು. ಕುಂಕುಮ ಇಡುವುದು, ಸೆಲ್ಫಿ ತೆಗೆಯುವುದು. ಇಪ್ಪತ್ತೈದು ನಿಮಿಷಕ್ಕೆ ಮಂಗಳ. ಎಲ್ಲರೂ ಬಂದು "ಪವರ್‌ಫುಲ್" ಅಂದರು. ಅಲ್ಲಿಗೆ ಬಂದವರಿಗೆ ವಿಧವೆಗೆ ಕುಂಕುಮ ಇಡಲು ಹಿಂಜರಿಕೆಯೇ ಇರಲಿಲ್ಲ. ಗೋಡೆಯೇ ಇಲ್ಲದ ಕಡೆ ಹೋಗಿ ಹಾರಿ ತೋರಿಸಿದ ಹಾಗಾಯಿತು. ಒಪ್ಪುವವರ ಮುಂದೆ ಇದನ್ನು ಮಾಡಬಾರದು ಅಂತ ರೈಲಿನಲ್ಲೇ ತೀರ್ಮಾನಿಸಿದೆ. ಬೆಂಗಳೂರಿಂದ ಆಮೇಲೆ ಎರಡು ಕರೆ ಬಂದವು, ಒಪ್ಪಲಿಲ್ಲ. ಈಗ ಅನಿಸುತ್ತೆ, ಒಂದಕ್ಕಾದರೂ ಹೋಗಿ ದುಡ್ಡು ತರಬಹುದಿತ್ತು.

ನಡುವೆ ಬಳೆ ಹುಚ್ಚು ಹತ್ತಿತು. ತೊಡೆ ಮೇಲೆ ತಾಳ ಹಾಕುವ ಕೈಗೆ ಎರಡು ಡಜನ್ ಗಾಜಿನ ಬಳೆ ತೊಟ್ಟು, ಮಣಿಕಟ್ಟಿಗೆ ಒಂದು ಕಾಂಟ್ಯಾಕ್ಟ್ ಮೈಕ್, ಅಂದರೆ ತಾಗಿದ್ದರ ಅದುರು ಹಿಡಿಯುವ ಮೈಕು, ಕಟ್ಟಿದೆ. ಮೈಕಿಗೆ 900 ರೂಪಾಯಿ ಇರಬೇಕು. ಆದಿತಾಳದ ದ್ರುತಕ್ಕೆ ಒಳ್ಳೇ ನಾದ. ಕೊನೆಯಲ್ಲಿ ಬಳೆಯನ್ನು ನೆಲಕ್ಕೆ ಬಡಿದು ಒಡೆಯುವುದು. ಎರಡು ಕಡೆ ಮಾಡಿದೆ. ಎರಡೂ ಕಡೆ ಹೆಂಗಸರು ಬಿಕ್ಕಿ ಬಿಕ್ಕಿ ಅತ್ತರು. ಮೂರನೇ ಸಲ ಬಿಟ್ಟುಬಿಟ್ಟೆ. ಅಳಿಸುವುದು ಸುಲಭ, ಎಬ್ಬಿಸುವುದೇ ಕಷ್ಟ. ಅತ್ತವರು ಯಾರೂ ಕುರ್ಚಿ ಬಿಟ್ಟು ಏಳಲಿಲ್ಲ. ಮೈಕ್ ಈಗ ಮಗನ ಗಿಟಾರ್‌ನಲ್ಲಿದೆ.

ಆಹಿರಿಯದ್ದೂ ಒಂದು ಕತೆ. ಬೆಳಗ್ಗೆ ಆಹಿರಿ ಹಾಡಿದರೆ ಅವತ್ತು ಅನ್ನ ಸಿಗಲ್ಲ ಅಂತ ನಮ್ಮಲ್ಲಿ ಹೇಳ್ತಾರಲ್ಲ. ವರಾಳಿಯನ್ನು ಗುರು ಎದುರು ಕೂರಿಸಿ ಕಲಿಸಿದರೆ ಇಬ್ಬರಿಗೂ ಕೆಡುತ್ತೆ ಅನ್ನುವುದೂ ಇದೆ. ನನ್ನ ಗುರುಗಳು ಪಕ್ಕದ ಕೋಣೆಯಲ್ಲಿ ವರಾಳಿ ಹಾಡುತ್ತಿದ್ದರು, ನಾನು ಹಜಾರದಲ್ಲಿ ಕೂತು ಕೇಳಿ ಕಲಿತೆ. ರಾಗಕ್ಕೂ ನಾವು ಅಮಂಗಳ ಅಂಟಿಸಿದ್ದೇವೆ. ನನ್ನ ಪಟ್ಟಿಯಲ್ಲಿ ಈ ಎರಡೂ ಇರುವುದು ಅದಕ್ಕೇ. ಪರೀಕ್ಷೆಗೆಂದು ಹನ್ನೊಂದು ದಿನ ಬೆಳಗ್ಗೆ ಏಳಕ್ಕೆ ಆಹಿರಿ ಹಾಡಿದೆ. ಹತ್ತು ದಿನ ಎರಡು ಹೊತ್ತು ಊಟ ಸಿಕ್ಕಿತು. ಒಂದು ದಿನ ಕುಕ್ಕರ್ ಗ್ಯಾಸ್ಕೆಟ್ ಹೋಯಿತು. ಅತ್ತೆ ಆ ಒಂದು ದಿನವನ್ನೇ ಹಿಡಿದುಕೊಂಡಿದ್ದಾರೆ.

ಈ ಮಂಗಳ ಅಮಂಗಳದ ಮಾತಿಗೆ ನಗು ಬರುವುದು ಇನ್ನೊಂದು ಕಾರಣಕ್ಕೆ. ನಾವು ಹಾಡುವ ಪದ, ಜಾವಳಿ ಅನ್ನುವ ಶೃಂಗಾರದ ಹಾಡುಗಳನ್ನು ಉಳಿಸಿಕೊಟ್ಟವರು ದೇವದಾಸಿ ಹೆಂಗಸರು. ದೇವರಿಗೇ ಮದುವೆಯಾದವರು, ಅದಕ್ಕೆ ನಿತ್ಯಸುಮಂಗಲಿಯರು. ಮದುವೆ ಮನೆಯಲ್ಲಿ ತಾಳಿಗೆ ಕರಿಮಣಿ ಪೋಣಿಸಲು ಅವರನ್ನೇ ಕರೆಯುತ್ತಿದ್ದರು. ಅವರ ಹಾಡು, ಅವರ ಶಕುನ ಎರಡೂ ಬೇಕಿತ್ತು. ನಮ್ಮ ನಂಜನಗೂಡಿನಲ್ಲಿ 1878ರಲ್ಲಿ ಹುಟ್ಟಿದ ಬೆಂಗಳೂರು ನಾಗರತ್ನಮ್ಮ ಆ ಮನೆತನದವರೇ. ತಮಿಳುನಾಡಿನ ತಿರುವೈಯಾರಿನಲ್ಲಿ ವಾಗ್ಗೇಯಕಾರ ತ್ಯಾಗರಾಜರ ಸಮಾಧಿಗೆ ಗುಡಿ ಕಟ್ಟಿಸಿದ್ದು ಅವರು, ತಮ್ಮ ದುಡ್ಡಿನಲ್ಲಿ. ಅಲ್ಲಿ ವರ್ಷಕ್ಕೊಮ್ಮೆ ನಡೆಯುವ ಆರಾಧನೆಯ ಸಂಗೀತದಲ್ಲಿ ಹೆಂಗಸರು ಹಾಡಬಾರದು ಅಂದಾಗ ಅವರು ಬೇಡಿಕೊಳ್ಳಲಿಲ್ಲ, ಹೆಂಗಸರನ್ನೇ ಸೇರಿಸಿ ಬೇರೆ ಆರಾಧನೆ ಶುರು ಮಾಡಿದರು. ನಾನು ಆ ಸಭಾದ ಕಾರ್ಯದರ್ಶಿ ಜೊತೆ ಜಗಳಕ್ಕೆ ಹೋಗದೆ ಬೇರೆ ಚಾಪೆ ಹಾಸಿದ್ದು ಅವರನ್ನು ನೋಡಿಯೇ.

ನಾಲ್ಕನೇದು ಮೈಸೂರಿನ ದೇವರಾಜ ಮಾರುಕಟ್ಟೆ, ಹೂವಿನ ಸಾಲು. ಮುಂಜಾನೆ ಐದೂವರೆ. ರಾತ್ರಿ ಹತ್ತರಿಂದ ಬೆಳಗ್ಗೆ ಆರರವರೆಗೆ ಧ್ವನಿವರ್ಧಕ ಹಾಕುವಂತಿಲ್ಲ, ಆದ್ದರಿಂದ ಬರೀ ಗಂಟಲು. ಗೋಣಿಚೀಲದ ಮೇಲೆ ಕೂತೆ. ನಲವತ್ತು ನಿಮಿಷ ಯಾರಿಗೂ ನಾನು ಬೇಕಿರಲಿಲ್ಲ, ವ್ಯಾಪಾರದ ಹೊತ್ತು. ಕೊನೆಗೆ ಮಲ್ಲಿಗೆ ಮಾರುವ ಅಜ್ಜಿಯೊಬ್ಬರು "ಯಾಕವ್ವಾ, ಆಗ್ಲಿಂದ ಒಂದನ್ನೇ ಎಳೀತಾ ಕುಂತಿದ್ದೀಯೆ?" ಅಂದರು. ಶಿಷ್ಯೆ ನಿಯಮ ಓದಿ ಹೇಳಿದಳು. "ಅಷ್ಟೇಯಾ?" ಅಂತ ಕೈ ತೊಳೆದು ಬಂದು ಕುಂಕುಮ ಇಟ್ಟರು. ಅರ್ಧ ಮೊಳ ಮಲ್ಲಿಗೆ ಮುಡಿಸಿದರು. ಹೂ ನಿಯಮದಲ್ಲಿ ಇರಲೇ ಇಲ್ಲ. ನನ್ನ ಸ್ವರ ಆವತ್ತು ಮೊದಲ ಸಲ ನಡುಗಿತು. ಮುಖಾರಿಗೆ ಹೋಗಬೇಕಾದವಳು ಎರಡು ನಿಮಿಷ ಬರೀ ಷಡ್ಜದಲ್ಲಿ ನಿಂತಿದ್ದೆ. ಎದ್ದು ಹೊರಟಾಗ ಹೂವಿನ ದುಡ್ಡು ಮಾತ್ರ ಬಿಡಲಿಲ್ಲ, 30 ರೂಪಾಯಿ.

ಕೊನೆಗೆ ನವರಾತ್ರಿ. ಒಂದು ಬಡಾವಣೆಯ ಸಮುದಾಯ ಭವನ, ಗೊಂಬೆ ಕೂರಿಸಿ ಒಂಬತ್ತು ದಿನವೂ ಸಂಜೆ ಅರಿಶಿನ ಕುಂಕುಮ. ಸುಮಂಗಲಿಯರ ಕಾರ್ಯಕ್ರಮ. ನನಗೆ ಬೇಕಿದ್ದ ಗೋಡೆ ಇದೇ. ಕಮಿಟಿ ಒಪ್ಪಲು ಮೂರು ಮೀಟಿಂಗು ಆಯಿತು. ಮಹಾರಾಷ್ಟ್ರದ ಕೊಲ್ಹಾಪುರ ಜಿಲ್ಲೆಯ ಹೇರವಾಡದ ಗ್ರಾಮಸಭೆ 2022ರಲ್ಲಿ ಬಳೆ ಒಡೆಯುವ, ಕುಂಕುಮ ಅಳಿಸುವ ಪದ್ಧತಿ ನಿಲ್ಲಿಸಿ ನಿರ್ಣಯ ಮಾಡಿತ್ತಲ್ಲ, ಅದರ ಪತ್ರಿಕೆ ತುಣುಕು ತೋರಿಸಿದೆ. "ಹಳ್ಳಿಯವರೇ ಮಾಡಿದ್ದಾರೆ" ಅನ್ನುವುದು ಕೆಲಸ ಮಾಡಿತು. ಸಂಭಾವನೆ ಸೊನ್ನೆ, ಉಸಲಿ ಕೊಟ್ಟರು.

ಅರವತ್ತು ಹೆಂಗಸರಿದ್ದರು. ತೋಡಿ ಮೂವತ್ತು ನಿಮಿಷ ದಾಟಿತು. ಇಡೀ ಕೋಣೆ ಬಿಗಿದುಕೊಂಡಾಗ ಮೊದಲನೆಯವರನ್ನು ಎಬ್ಬಿಸಲು ನಾನು ಒಂದು ಉಪಾಯ ಮಾಡುತ್ತೇನೆ. ಕಣ್ಣಿಗೂ ಪಂಚಮಕ್ಕೂ ಸಂಬಂಧಪಟ್ಟದ್ದು, ಇಲ್ಲಿ ಬರೆಯುವುದಿಲ್ಲ. ಅವತ್ತು ಅದನ್ನು ಮಾಡಬೇಕು ಅಂದುಕೊಳ್ಳುವಷ್ಟರಲ್ಲಿ ಹಿಂದಿನ ಸಾಲಿನಿಂದ ಒಬ್ಬರು ಎದ್ದರು. ಬೋಳು ಹಣೆ. ಸುಮಂಗಲಿಯರಿಗೇ ಕಾಯುತ್ತಿದ್ದ ನನಗೆ ಇದು ಹೊಳೆದೇ ಇರಲಿಲ್ಲ. ತಟ್ಟೆಯ ಹತ್ತಿರ ಬಂದು ಮೆಲ್ಲಗೆ "ನಾನು ಇಡಬಹುದಾ?" ಅಂದರು. ಹಾಡುತ್ತಿದ್ದೆ, ಉತ್ತರ ಕೊಡುವಂತಿಲ್ಲ. ಹಣೆ ಮುಂದೆ ಚಾಚಿದೆ.

ಅವರು ಇಟ್ಟರು. ಆಮೇಲೆ ಅಲ್ಲೇ ನಿಂತು ಅದೇ ಬೆರಳನ್ನು ತಮ್ಮ ಹಣೆಗೂ ಒತ್ತಿಕೊಂಡರು. ಮುಂದಿನ ಸಾಲಿನಲ್ಲಿ ಯಾರೋ "ಅಯ್ಯೋ" ಅಂದರು. ಇಬ್ಬರು ಎದ್ದು ಹೊರಗೆ ಹೋದರು. ಆಮೇಲೆ ಏಳೆಂಟು ಜನ ಬಂದರು, ವಿಧವೆಯರು, ಸುಮಂಗಲಿಯರು ಎಲ್ಲ ಸೇರಿ. ನನಗೆ ಇಡುವುದು ಬಿಟ್ಟು ಒಬ್ಬರಿಗೊಬ್ಬರು ಇಟ್ಟುಕೊಳ್ಳಲು ಶುರು ಮಾಡಿದರು. ಇದಕ್ಕೆ ಯಾವ ರಾಗ ಅಂತ ನಿಯಮ ಇರಲಿಲ್ಲ. ಮುಖಾರಿ, ವರಾಳಿ, ಆಹಿರಿ ಹಾರಿಸಿ ಸೀದಾ ಮಧ್ಯಮಾವತಿಗೆ ಬಂದುಬಿಟ್ಟೆ. ಸೌರಾಷ್ಟ್ರ ಹಾಡಿದೆ. ಮಾತು ಎಷ್ಟು ಜೋರಾಗಿತ್ತು ಅಂದರೆ ಮಂಗಳವನ್ನು ಯಾರೂ ಕೇಳಿಸಿಕೊಳ್ಳಲಿಲ್ಲ.

ಮರುದಿನ ಕಮಿಟಿಯಲ್ಲಿ ಜಗಳವಾಯಿತಂತೆ, ಇನ್ನೂ ನಡೆಯುತ್ತಿದೆ. ಅಲ್ಲಿ ಕೂತಿದ್ದವರಲ್ಲಿ ಒಬ್ಬರು ತಮ್ಮ ಮಗಳ ಮದುವೆಗೆ ಕೇಳಿದ್ದಾರೆ. ರಿಸೆಪ್ಷನ್ ಅಲ್ಲ, ಧಾರೆಯ ಹೊತ್ತಿಗೆ ಮಂಟಪದ ಪಕ್ಕದಲ್ಲೇ ಹಾಡಬೇಕಂತೆ. ನಾನು 60 ಸಾವಿರ ಅಂದೆ. ಅವರು 40 ಅಂದರು. 48ಕ್ಕೆ ನಿಂತಿದೆ. ಅಡ್ವಾನ್ಸ್ ಇನ್ನೂ ಬಂದಿಲ್ಲ.