ಪದಬಂಧವನ್ನು ಸರಿಯಾಗಿ ಬೈಯುವುದು ಹೇಗೆ

ಬಾಗಲಕೋಟೆಯ ನವನಗರದಲ್ಲಿ ನಮ್ಮ ಮನೆ ಹತ್ತಿರ ಒಂದು ಚಹಾದಂಗಡಿ ಇದೆ. ಬೆಳಿಗ್ಗೆ ಅಲ್ಲಿಗೆ ಬರುವ ಪೇಪರು ಅರ್ಧ ತಾಸಿನಲ್ಲಿ ಹಾಳೆ ಹಾಳೆಯಾಗಿ ಎಲ್ಲ ಟೇಬಲ್ ಮೇಲೂ ಹರಡಿರುತ್ತದೆ, ಪದಬಂಧದ ಹಾಳೆ ಮಾತ್ರ ಯಾವತ್ತೂ ಒಬ್ಬ ನಿವೃತ್ತ ಮಾಸ್ತರರ ಕೈಯಲ್ಲಿ. ಒಂದು ದಿನ ಅವರ ಪಕ್ಕ ಕೂತು ನಾನೂ ತಲೆ ಹಾಕಿದೆ. ಒಂದು ಪದ ಹೊಳೆಯಲಿಲ್ಲ. "ಇದೇನ್ರಿ ಮಾಸ್ತರ, ಕೆಟ್ಟ ಪದಬಂಧ" ಅಂದೆ. ಅವರು ತಲೆ ಎತ್ತಲೇ ಇಲ್ಲ. "ನಿಮಗ ಗೊತ್ತಿಲ್ಲ ಅಂದ್ರ ಅದು ಕೆಟ್ಟದ್ದು ಹ್ಯಾಂಗ ಆಗತೈತ್ರಿ? ಅಡ್ಡ ಗೊತ್ತಿಲ್ಲಂದ್ರ ಉದ್ದ ಐತಲ್ಲ" ಅಂದರು.

ಪದಬಂಧ ವಿಮರ್ಶೆ ಅಂದರೆ ಇಷ್ಟೇ ಅಂತ ನನಗೆ ಅನ್ನಿಸಿದ್ದು ಆವತ್ತು. ಪದ ಗೊತ್ತಿಲ್ಲದಿರುವುದು ತಪ್ಪಲ್ಲ. ಗೊತ್ತಿಲ್ಲದ ಪದವನ್ನು ಹಿಡಿಯಲು ಬೇರೆ ದಾರಿಯೇ ಇಲ್ಲದಂತೆ ಮಾಡಿದ್ದರೆ, ಅದು ತಪ್ಪು. ಬೈಗುಳ ಅಲ್ಲಿಗೆ ಹೋಗಬೇಕು.

ಮೊದಲು ಪೂರ್ತಿ ಬಿಡಿಸಿ. ಅರ್ಧ ಬಿಡಿಸಿ ಅಭಿಪ್ರಾಯ ಹೇಳುವವರು ಜಾಸ್ತಿ, ಅವರನ್ನು ಬಿಡಿ. ಫೋನು ದೂರ ಇಡಿ, ಪೆನ್ಸಿಲ್ ಹಿಡಿಯಿರಿ, ಬಿಡಿಸುತ್ತಾ ಹೋದ ಹಾಗೆ ಪಕ್ಕದಲ್ಲಿ ಗುರುತು ಹಾಕಿ. ನಾನು ಮೂರು ಗುರುತು ಇಟ್ಟುಕೊಂಡಿದ್ದೇನೆ. ಖುಷಿ ಕೊಟ್ಟ ಪದಕ್ಕೆ ರೈಟ್ ಮಾರ್ಕ್. ಗೊತ್ತಿರಲಿಲ್ಲ, ಆದರೆ ಕೂಡುವ ಪದಗಳಿಂದ ತಾನಾಗಿ ಬಂತು ಅನ್ನುವುದಕ್ಕೆ ಸೊನ್ನೆ. ಕಣ್ಣು ಮುಚ್ಚಿ ಊಹಿಸಿ ಬರೆದದ್ದಕ್ಕೆ ಕಾಟು. ಕೊನೆಯಲ್ಲಿ ದೂರು ಇರುವುದು ಕಾಟುಗಳ ಮೇಲೆ ಮಾತ್ರ. ಸೊನ್ನೆಗಳು ನಿಮಗೆ ಹೊಸ ಪದ ಕಲಿಸಿದವು, ಅವಕ್ಕೆ ಬೈದರೆ ಪಾಪ.

ಈಗ ಥೀಮ್, ಅಂದರೆ ಪದಬಂಧದ ಮುಖ್ಯ ಪದಗಳನ್ನೆಲ್ಲ ಕಟ್ಟಿಹಾಕುವ ಒಂದು ವಿಷಯ. ನಮ್ಮ ದಿನಪತ್ರಿಕೆಗಳ ಪದಬಂಧಕ್ಕೆ ಬಹಳ ಸಲ ಥೀಮ್ ಇರುವುದಿಲ್ಲ, ಹಬ್ಬಕ್ಕೋ ರಾಜ್ಯೋತ್ಸವಕ್ಕೋ ಇರುತ್ತದೆ. ಇದ್ದಾಗ ನೋಡಬೇಕಾದ್ದು, ಎಲ್ಲ ಥೀಮ್ ಪದಗಳೂ ಒಂದೇ ನಿಯಮಕ್ಕೆ ನಡೆಯುತ್ತವಾ ಅಂತ. ಯುನೆಸ್ಕೊದ ವಿಶ್ವ ಪರಂಪರೆ ಪಟ್ಟಿ ಅಂತ ಥೀಮ್ ಇಟ್ಟು ಹಂಪಿ, ಪಟ್ಟದಕಲ್ಲು, ಬಾದಾಮಿ ಅಂತ ಬರೆದರೆ ಅದು ಕೆಟ್ಟಿತು ಅಂತಲೇ ಅರ್ಥ. ಹಂಪಿ 1986ರಲ್ಲಿ ಸೇರಿತು, ಪಟ್ಟದಕಲ್ಲು 1987ರಲ್ಲಿ. ಅಲ್ಲಿಂದ ಬಸ್ಸಿನಲ್ಲಿ ಒಂದು ತಾಸೂ ಬೇಡದ ಬಾದಾಮಿ ಇನ್ನೂ ಸೇರಿಲ್ಲ. ನಮಗೆ ಬೇಜಾರಾಗುತ್ತದೆ ನಿಜ, ಆದರೆ ಪದಬಂಧದಲ್ಲಿ ನಾವೇ ಸೇರಿಸಲು ಬರುವುದಿಲ್ಲ. ಹಾಗೆಯೇ ಪಂಚನದಿಗಳ ಬೀಡು ಅಂತ ವಿಜಯಪುರದ ಥೀಮ್ ಇಟ್ಟು ಕೃಷ್ಣಾ, ಭೀಮಾ, ಘಟಪ್ರಭಾ, ಮಲಪ್ರಭಾ ಬರೆದು, ಡೋಣಿಗೆ ಜಾಗ ಸಿಗಲಿಲ್ಲ ಅಂತ ತುಂಗಭದ್ರೆಯನ್ನು ತಂದು ಕೂರಿಸಿದರೆ ಈ ಕಡೆಯ ಯಾವ ಓದುಗನೂ ಕ್ಷಮಿಸುವುದಿಲ್ಲ.

ಹೆಸರುಗಳ ಪಟ್ಟಿ ಮಾಡುವ ಥೀಮ್ ನನಗೆ ಅಷ್ಟು ಹಿಡಿಸುವುದಿಲ್ಲ. ಐದು ನದಿ, ಐದು ಹೂವು, ಐದು ರಾಗ. ಒಂದು ಸಿಕ್ಕರೆ ಉಳಿದದ್ದು ಪರೀಕ್ಷೆಗೆ ಬಾಯಿಪಾಠ ಮಾಡಿದ ಹಾಗೆ ಬರುತ್ತದೆ. ಮಾತಿನ ಜೊತೆ ಆಟ ಆಡುವ ಥೀಮ್ ಇದ್ದರೆ ಮಜಾ. ಒಂದು ಸಲ ತಿರುಗಿಸಿ ಓದಿದರೂ ಅದೇ ಆಗುವ ಪದಗಳ ಥೀಮ್ ಸಿಕ್ಕಿತ್ತು. ವಿಕಟಕವಿ ಎಲ್ಲರಿಗೂ ಗೊತ್ತಿರುವುದೇ, ಅದು ಬಂದಾಗ ಏನೂ ಅನಿಸಲಿಲ್ಲ. ಆಮೇಲೆ ನವಜೀವನ ಬಂತು. ನ-ವ-ಜೀ-ವ-ನ. ಇಷ್ಟು ವರ್ಷ ಆ ಪದ ಓದಿದ್ದೇನೆ, ಒಮ್ಮೆಯೂ ಗಮನಿಸಿರಲಿಲ್ಲ. ಅದಕ್ಕೆ ಎರಡು ರೈಟ್ ಮಾರ್ಕ್ ಹಾಕಿದೆ. ಮೂರನೆಯದು ಕಟಕಟ. ಅದನ್ನು ತಿರುಗಿಸಿದರೆ ಟಕಟಕ ಆಗುತ್ತದೆ! ಹೆಣೆದವರು ಎರಡೆರಡು ಅಕ್ಷರ ಮರುಕಳಿಸುವುದನ್ನೇ ಕನ್ನಡಿ ಅಂದುಕೊಂಡಿದ್ದರು.

ಅದೇ ಪದಬಂಧದಲ್ಲಿ ಇನ್ನೊಂದು ಸೂಕ್ಷ್ಮ ತಪ್ಪು ಇತ್ತು, ಅದನ್ನು ಹಿಡಿಯಲು ಕಲಿತರೆ ನೀವು ಅರ್ಧ ವಿಮರ್ಶಕರಾದಂತೆ. ಥೀಮಿಗೆ ಸಂಬಂಧವಿಲ್ಲದ ಜಾಗಗಳಲ್ಲಿ ಗದಗ, ಕಿಟಕಿ, ನಯನ ಅಂತ ಸುಮ್ನೆ ತುಂಬಿದ್ದರು. ಅವೂ ತಿರುಗಿಸಿದರೆ ಅವೇ ತಾನೇ? ಹಾಗಾದರೆ ವಿಕಟಕವಿಗೆ ಮಾತ್ರ ಏನು ವಿಶೇಷ? ಥೀಮ್ ಅಂದರೆ ಮದುವೆ ಮನೆಯ ಮದುಮಗಳು ಇದ್ದ ಹಾಗೆ. ಬೀಗರೆಲ್ಲ ಅದೇ ಬಣ್ಣದ ಇಳಕಲ್ ಸೀರೆ ಉಟ್ಟು, ತಲೆ ಮೇಲೆ ಬಾಸಿಂಗ ಕಟ್ಟಿಕೊಂಡು ಓಡಾಡಿದರೆ ಯಾರಿಗೆ ಅಕ್ಷತೆ ಹಾಕುವುದು?

ಥೀಮ್ ಬಿಟ್ಟು ಉಳಿದ ಮನೆಗಳನ್ನು ತುಂಬುವ ಪದಗಳಿಗೆ ನಾನು ಭರ್ತಿ ಅನ್ನುತ್ತೇನೆ. ವಿಮರ್ಶೆಯ ನಿಜವಾದ ಕೆಲಸ ಇಲ್ಲಿದೆ, ಯಾಕೆಂದರೆ ಥೀಮ್ ಎಷ್ಟೇ ಚೆನ್ನಾಗಿರಲಿ, ಬಿಡಿಸುವವನ ಹೆಚ್ಚಿನ ಹೊತ್ತು ಹೋಗುವುದು ಭರ್ತಿಯಲ್ಲೇ. ಆದರೆ ಬೈಯುವ ಮೊದಲು ಕನ್ನಡದಲ್ಲಿ ಹೆಣೆಯುವ ಕಷ್ಟ ಏನು ಅಂತ ಸ್ವಲ್ಪ ತಿಳಿಯಬೇಕು. ಇಂಗ್ಲಿಷಿನಲ್ಲಿ ಒಂದು ಮನೆಗೆ 26 ಅಕ್ಷರಗಳಲ್ಲಿ ಒಂದು. ನಮ್ಮಲ್ಲಿ ಒಂದು ಮನೆಯಲ್ಲಿ ಕ ಇರಬಹುದು, ಕಾ ಇರಬಹುದು, ಕಿ, ಕೂ, ಕಂ, ಕ್ಕ, ಕ್ತಿ, ಏನೂ ಇರಬಹುದು. ಅಡ್ಡ ಪದಕ್ಕೂ ಉದ್ದ ಪದಕ್ಕೂ ಅದೇ ಕಾಗುಣಿತ, ಅದೇ ಒತ್ತು ಸರಿಹೊಂದಬೇಕು. ಪಟ್ಟದಕಲ್ಲು ಅಂತ ಬರೆದರೆ ಟ್ಟ ಇರುವ ಇನ್ನೊಂದು ಪದ ಹುಡುಕಬೇಕು. ಬೆಟ್ಟ, ಅಟ್ಟ, ಕಟ್ಟಡ, ಸಿಗುತ್ತವೆ. ಐಹೊಳೆಯ ಐ ಇನ್ನೂ ಕಷ್ಟ. ಬಿಡಿ ಸ್ವರ ನಮ್ಮ ಪದಗಳ ಮೊದಲಲ್ಲೇ ಬರುತ್ತದೆ, ನಡುವೆ ಬರುವುದು ತೀರ ಅಪರೂಪ. ಆದ್ದರಿಂದ ಆ ಮನೆಯಿಂದ ಕೆಳಗೂ ಒಂದು ಪದ ಶುರುವಾಗಲೇಬೇಕು. ಇಳಕಲ್ ಅಂತ ಬರೆದರೋ, ಕೊನೆಯ ಲ್ ಸಿಕ್ಕಿಹಾಕಿಕೊಳ್ಳುತ್ತದೆ. ಹಾಗೆ ಮುಗಿಯುವ ಇನ್ನೊಂದು ಪದಕ್ಕೆ ಮೊಬೈಲ್, ಬಾಗಿಲ್ ಅಂತೆಲ್ಲ ಪರದಾಡಬೇಕು.

ಅದಕ್ಕೇ ಅಮೆರಿಕದ ಅಳತೆ ನಮಗೆ ಆಗಿಬರುವುದಿಲ್ಲ. 1913ರ ಡಿಸೆಂಬರ್ 21ರಂದು ನ್ಯೂಯಾರ್ಕ್ ವರ್ಲ್ಡ್ ಪತ್ರಿಕೆಯಲ್ಲಿ ಆರ್ಥರ್ ವಿನ್ ಹಾಕಿದ ಮೊದಲ ಪದಬಂಧ ವಜ್ರದಾಕಾರದಲ್ಲಿತ್ತು. ಆಮೇಲೆ ಅಲ್ಲಿ ನಿಯಮ ಗಟ್ಟಿಯಾಯಿತು. ಈಗ ನ್ಯೂಯಾರ್ಕ್ ಟೈಮ್ಸ್‌ನ ದಿನದ ಪದಬಂಧ 15ಕ್ಕೆ 15 ಮನೆ, ಪ್ರತಿ ಬಿಳಿ ಮನೆಯೂ ಅಡ್ಡ ಉದ್ದ ಎರಡಕ್ಕೂ ಸೇರಬೇಕು, ಎರಡಕ್ಷರದ ಪದ ಇರಬಾರದು. ಕನ್ನಡದಲ್ಲಿ ಎರಡಕ್ಷರ ಬೇಡ ಅಂದರೆ ಹಾಲು, ಬೆಲ್ಲ, ರೊಟ್ಟಿ, ಅವ್ವ ಎಲ್ಲ ಹೊರಗೆ. ಇಂಥ ಭಾಷೆಯಲ್ಲಿ ಎರಡಕ್ಷರಕ್ಕೆ ಬೈಯಬೇಡಿ. ಕಪ್ಪು ಮನೆ ಜಾಸ್ತಿ ಇದೆ ಅಂತಲೂ ಬೈಯಬೇಡಿ. ಒಂದು ಮೂಲೆ ಪೂರ್ತಿ ಒಂದೇ ಒಂದು ಮನೆಯಿಂದ ಉಳಿದದ್ದಕ್ಕೆ ಅಂಟಿಕೊಂಡಿದ್ದರೆ ಆಗ ಬೈಯಿರಿ. ಅಲ್ಲಿ ಸಿಕ್ಕಿಕೊಂಡವನಿಗೆ ಹೊರಗಿನಿಂದ ಸಹಾಯ ಬರುವುದಿಲ್ಲ.

ಭರ್ತಿಯಲ್ಲಿ ನಿಜವಾಗಿ ಬೇಜಾರು ತರುವುದು ಸವಕಲು ಪದಗಳು. ಕಮಲ ಅಂದರೆ ಜಲಜ. ಭೂಮಿ ಅಂದರೆ ಇಳೆ. ಹಕ್ಕಿ ಅಂದರೆ ಖಗ. ಕಣ್ಣು ಅಂದರೆ, ಹೇಳಿ ನೋಡೋಣ, ನಯನ. ಯಾರ ಮನೆಯಲ್ಲಿ ಖಗ ಕೂಗಿ ಬೆಳಗಾಗುತ್ತದೆ? ಒತ್ತಕ್ಷರ ಇಲ್ಲ, ಸಲೀಸಾಗಿ ಕೂಡುತ್ತವೆ, ಅದಕ್ಕೆ ಬರುತ್ತವೆ, ಅಷ್ಟೇ. ಒಂದು ಪದಬಂಧದಲ್ಲಿ ಎರಡು ಮೂರು ಇದ್ದರೆ ನಾನು ಸುಮ್ಮನಿರುತ್ತೇನೆ. ಎಂಟು ಹತ್ತು ಇದ್ದರೆ ಎಣಿಸಿ ಬರೆಯುತ್ತೇನೆ. ಲೆಕ್ಕ ಕೊಟ್ಟರೆ ದೂರಿಗೆ ತೂಕ ಬರುತ್ತದೆ. ಪಟ್ಟದಕಲ್ಲು ಇರುವ ಕಡೆಯೇ ಕಲ್ಲು ಅಂತ ಇನ್ನೊಂದು ಉತ್ತರ ಇದ್ದರೆ ಅದೂ ಸೋಮಾರಿತನ, ಬರೆಯಿರಿ.

ಪ್ರಾಂತ್ಯದ ಪದಗಳ ಬಗ್ಗೆ ನನ್ನದೊಂದು ಜಗಳ ಇದೆ. ನಮ್ಮ ಕಡೆಯ ಪುಂಡಿ, ಝುಣಕ, ಖಣ ಬಂದರೆ ಸುಳಿವಿನ ಪಕ್ಕ 'ಉತ್ತರ ಕರ್ನಾಟಕದಲ್ಲಿ' ಅಂತ ಒಂದು ಚೀಟಿ ಅಂಟಿಸುತ್ತಾರೆ. ದಕ್ಷಿಣದ ಕಡೆಯ ಪದಕ್ಕೆ ಚೀಟಿ ಇಲ್ಲ, ಅದು ಸುಮ್ನೆ ಕನ್ನಡ. ಬಸ್ಸಾರು ಅನ್ನುವುದನ್ನು ನಾನು ಕಲಿತದ್ದೇ ಪದಬಂಧದಿಂದ, ಸ್ಸಾ ಇದ್ದ ಮನೆ ನಿಸ್ಸಾರ ಅನ್ನುವ ಪದದಿಂದ ಸಿಕ್ಕಿತ್ತು. ಚೀಟಿ ಇರಲಿಲ್ಲ, ಬೇಕೂ ಆಗಲಿಲ್ಲ. ಕೂಡುವ ಪದ ಸರಿ ಇದ್ದರೆ ಮಂಡ್ಯದವರಿಗೂ ಪುಂಡಿ ಸಿಗುತ್ತದೆ. ಅಗಸಿ ಅನ್ನುವುದಕ್ಕೆ "ಊರಿಗೂ ಇದೆ, ಚಟ್ನಿಯಲ್ಲೂ ಇದೆ (3)" ಅಂತ ನಾನೊಂದು ಸುಳಿವು ಮಾಡಿಟ್ಟಿದ್ದೇನೆ. ಊರ ಬಾಗಿಲೂ ಅಗಸಿ, ಎಣ್ಣೆ ಬೀಜವೂ ಅಗಸಿ. ಇದಕ್ಕೆ ಚೀಟಿ ಅಂಟಿಸಿದರೆ ಮಜವೇ ಹೋಗುತ್ತದೆ.

ಈಗ ಕಾಟು ಹಾಕಿದ ಮನೆಗಳಿಗೆ ಬನ್ನಿ. ಇಂಗ್ಲಿಷ್ ಪದಬಂಧ ಬಿಡಿಸುವವರಲ್ಲಿ ನ್ಯಾಟಿಕ್ ಅನ್ನುವ ಮಾತಿದೆ. ನ್ಯಾಟಿಕ್ ಮ್ಯಾಸಚೂಸೆಟ್ಸ್‌ನ ಒಂದು ಊರು. ನ್ಯೂಯಾರ್ಕ್ ಟೈಮ್ಸ್ ಪದಬಂಧದಲ್ಲಿ ಒಮ್ಮೆ ಆ ಊರಿನ ಹೆಸರು ಎನ್.ಸಿ. ವೈಯತ್ ಅನ್ನುವ ಚಿತ್ರಕಾರನ ಹೆಸರಿನ ಮೊದಲ ಅಕ್ಷರಕ್ಕೆ ಕೂಡಿತ್ತು. ಎರಡೂ ಗೊತ್ತಿಲ್ಲದವನು ಏನು ಮಾಡಬೇಕು? ಆ ಪದಬಂಧಗಳನ್ನು ದಿನವೂ ವಿಮರ್ಶಿಸುವ ರೆಕ್ಸ್ ಪಾರ್ಕರ್ ಅಂಥ ಮನೆಗೆಲ್ಲ ಅದೇ ಊರಿನ ಹೆಸರು ಇಟ್ಟುಬಿಟ್ಟರು.

ನಮ್ಮಲ್ಲಿ ಎರಡೂ ಪದ ಚೆನ್ನಾಗಿ ಗೊತ್ತಿದ್ದರೂ ಹೀಗಾಗುತ್ತದೆ, ಕನ್ನಡದ್ದೇ ತಮಾಷೆ ಅದು. "ವಿಜಯಪುರದ ಹೆಗ್ಗುರುತು (5)" ಅಂತ ಸುಳಿವು ಇದೆ ಅನ್ನಿ. ಮಕ್ಕಳೂ ಹೇಳುತ್ತಾರೆ. ಆದರೆ ಬರೆಯುವುದು ಏನು? ಗೋಳಗುಮ್ಮಟ ಐದು ಮನೆ. ಗೋಲಗುಮ್ಮಟ ಐದು ಮನೆ. ಗೋಲಗುಂಬಜ, ಅದೂ ಐದು. ಗೋಲ್ ಗುಂಬಜ್ ಅಂತ ಅರ್ಧಾಕ್ಷರ ಹಾಕಿದರೂ ಐದೇ! ಎರಡನೇ ಮನೆಯಲ್ಲಿ ಕೂಡುವ ಪದ "ದೇವಸ್ಥಾನದ ತುದಿ (3)" ಆಗಿದ್ದರೆ ಮುಗಿಯಿತು. ಕಲಶ ಅಂತಲೂ ಬರೆಯುತ್ತಾರೆ, ಕಳಶ ಅಂತಲೂ ಬರೆಯುತ್ತಾರೆ. ಎರಡು ಪದವೂ ಗೊತ್ತು, ಆದರೂ ನಾಣ್ಯ ಚಿಮ್ಮಬೇಕು. ಮರುದಿನದ ಉತ್ತರದಲ್ಲಿ ನಿಮ್ಮದು ತಪ್ಪು ಅಂತ ಬಂದರೆ ಸಿಟ್ಟು ಬರುತ್ತದೋ ಇಲ್ಲವೋ?

ಇಂಥದ್ದು ಕಂಡಾಗ "ಈ ಮನೆ ಸರಿಯಿಲ್ಲ" ಅಂತ ಬರೆದು ನಿಲ್ಲಿಸಬೇಡಿ. ಏನು ಮಾಡಿದ್ದರೆ ಸರಿಹೋಗುತ್ತಿತ್ತು ಅಂತಲೂ ಹೇಳಿ. ಕಳಶದ ಬದಲು ಬೆಳಕು ಇಟ್ಟಿದ್ದರೆ ಳ ಬಿಟ್ಟು ಬೇರೆ ದಾರಿಯೇ ಇರಲಿಲ್ಲ. ಲ, ಳ, ಶ, ಷ, ಅನುಸ್ವಾರ, ಮಹಾಪ್ರಾಣ, ಈ ಮನೆಗಳನ್ನೆಲ್ಲ ಎರಡು ಸಲ ನೋಡುವುದು ರೂಢಿ ಮಾಡಿಕೊಳ್ಳಿ.

ಒಂದು ಸುಳಿವಿಗೆ ಹಲವು ಉತ್ತರ ಬರುವುದೇ ತಪ್ಪು ಅಂತಲ್ಲ, ನೆನಪಿಡಿ. "ಚಾಲುಕ್ಯರ ರಾಜಧಾನಿ (3)" ಅನ್ನುವುದಕ್ಕೆ ಬಾದಾಮಿ ಬರುತ್ತದೆ, ವಾತಾಪಿ ಬರುತ್ತದೆ, ಕಲ್ಯಾಣದ ಚಾಲುಕ್ಯರನ್ನು ನೆನೆದರೆ ಕಲ್ಯಾಣವೂ ಬರುತ್ತದೆ. ಮೂರಕ್ಕೂ ಮೂರೇ ಮನೆ. ಆದರೆ ಕೊನೆಯ ಮನೆ ಮಿ, ಪಿ, ಣ. ಅಲ್ಲಿ ಕೂಡುವ ಪದ ಖಚಿತ ಇದ್ದರೆ ಇದು ಒಳ್ಳೆಯ ಸುಳಿವು, ಮೊದಲು ತಪ್ಪು ದಾರಿಗೆ ಹೋಗಿ ಆಮೇಲೆ ತಿದ್ದಿಕೊಳ್ಳುವ ಸುಖ ಇದೆ. ಕೂಡುವ ಪದ ಇಲ್ಲದಿದ್ದರೆ ಅದೇ ಸುಳಿವು ಮೋಸ.

ಬರೆಯುವಾಗ ಮೊದಲು ಒಂದು ರೈಟ್ ಮಾರ್ಕಿನ ಪದ ಹೇಳಿ, ಮರ್ಯಾದೆಗಾಗಿ ಅಲ್ಲ, ನೀವು ಪೂರ್ತಿ ಬಿಡಿಸಿದ್ದೀರಿ ಅಂತ ಗೊತ್ತಾಗಲಿ ಅಂತ. ಹೆಣೆದವರ ಬುದ್ಧಿಯ ಬಗ್ಗೆ ಮಾತು ಬೇಡ, ಮನೆಯ ನಂಬರು ಹೇಳಿ. "7 ಅಡ್ಡ, 3 ಉದ್ದ ಕೂಡುವಲ್ಲಿ ಎರಡು ಉತ್ತರ ಬರುತ್ತವೆ" ಅಂದರೆ ಅವರು ಹಾಳೆ ತೆಗೆದು ನೋಡುತ್ತಾರೆ.

ಇನ್ನೊಂದು, ಒಮ್ಮೆಯಾದರೂ ನೀವೇ ಒಂದು ಹೆಣೆಯಿರಿ. ನಾನು ಕಳೆದ ಮಳೆಗಾಲದಲ್ಲಿ ಏಳಕ್ಕೆ ಏಳು ಮನೆ ಹಾಕಿಕೊಂಡು ಕೂತೆ. ನಡುವೆ ಗೋಳಗುಮ್ಮಟ, ಳ ಇದ್ದಲ್ಲಿ ಬೆಳಕು. ಮ್ಮ ಇದ್ದಲ್ಲಿ ಮೊದಲು ಬಂದದ್ದು ಗುಮ್ಮ. ಗುಮ್ಮಟಕ್ಕೆ ಗುಮ್ಮ ಕೂಡಿಸಿದರೆ ಚಹಾದಂಗಡಿಯಲ್ಲಿ ತಲೆ ಎತ್ತಲು ಆಗುತ್ತಾ? ಅಳಿಸಿ ತಮ್ಮ ಮಾಡಿದೆ. ಅಗಸಿಯನ್ನು ಮೇಲೆ ತರಲು ಎರಡು ದಿನ ಹೋಯಿತು. ಮಾಸ್ತರರಿಗೆ ತೋರಿಸುವ ಹಿಂದಿನ ರಾತ್ರಿ ಕೆಳಗಿನ ಬಲ ಮೂಲೆಯಲ್ಲಿ ಮೂರು ಮನೆ ಉಳಿದವು, ಮೊದಲದ್ದು ನ, ಕೊನೆಯದ್ದು ನ. ನಮನ ಆಗಲೇ ಇನ್ನೊಂದು ಕಡೆ ಇತ್ತು. ಹನ್ನೊಂದೂವರೆ ತನಕ ನೋಡಿ ನೋಡಿ ಸಾಕಾಗಿ ನಯನ ಅಂತ ಬರೆದು ಮಲಗಿದೆ.